ಸುಭಾನಸಾಬನ ಹೆಬ್ಬೆಟ್ಟು

“ಆ ಕರಣಿ ಮುಟ್ಟಬ್ಯಾಡ್ರಿ, ಸಾಹೇಬ್ರ.”

ಕಾವಲುಗಾರ ಅಬ್ದುಲಸಾಬ ಹೀಗೆಂದು ಎರಡು ಹೆಜ್ಜೆ ಹಿಂದೆ ಸರಿದ. ಮರೋಳದಾಚೆಯ ಪಂಪ್‌ಹೌಸಿನ ಬಾಗಿಲಿಗೆ ಕರಿದಾರದಲ್ಲಿ ಬಿಗಿದ, ಗೌಂಡಿ ಗಾರೆ ಮೆತ್ತುವ ಕರಣಿಯೊಂದು ತೂಗುತ್ತಿತ್ತು. ಅದರ ತುದಿಗೆ ಚುಚ್ಚಿದ ನಿಂಬೆಹಣ್ಣು ಕಪ್ಪಗೆ ಮುರುಟಿ ನಾರುತ್ತಿತ್ತು.

“ಕಾಸಿಂಬಿ ಕಟ್ಯಾಳ್ರಿ. ಆಫೀಸಿನಾಗ ಆ ಕಾಗದಾ ನೋಡಿ ಬಂದ ದಿನಾನ ಕಟ್ಯಾಳ.”

“ಹಣ್ಣು ಛೊಲೋ ಇದ್ದಿದ್ರ ಶರಬತ್ತರ ಮಾಡಬಹುದಿತ್ತು,” ಎಂದು ನಕ್ಕು ಶಿರೀಷ ದಾರ ಹರಿದ.

ಬಾಗಲಕೋಟೆಯಿಂದ ಬಂದ ಅವನಿಗೆ ಈ ಪಂಪ್‌ಹೌಸು, ಅದರೊಳಗಿನ ಬಾವಿ ಕಟ್ಟಿದ್ದು ಮೊದಲ ಸರ್ಕಾರಿ ಗುತ್ತಿಗೆ. ಕೆಲಸ ಮುಗಿದು ವರ್ಷವಾಗಿತ್ತು. ಇವತ್ತು ಇಂಜಿನಿಯರರು ನೋಡಿ ಒಪ್ಪಿದರೆ ಭದ್ರತಾ ಠೇವಣಿ ವಾಪಸು. ಇಲ್ಲವಾದರೆ, ಒತ್ತೆಯಿಟ್ಟ ಹೆಂಡತಿ ಶುಭದಾಳ ಬಂಗಾರ ಸೋಮವಾರ ಹರಾಜು. ಠೇವಣಿ ಬಿಡಿಸಲು ಇನ್ನೊಂದು ಕಾಗದವೂ ಬೇಕಿತ್ತು: ತಮಗೆ ಬಾಕಿ ಏನೂ ಇಲ್ಲವೆಂದು ಕೂಲಿಯವರೆಲ್ಲ ಹೆಬ್ಬೆಟ್ಟು ಒತ್ತಿದ್ದು. ಗೌಂಡಿ ಸುಭಾನಸಾಬ ಇದೇ ಬಾವಿಯೊಳಗೆ ಬಿದ್ದು ಸತ್ತಿದ್ದ. ಅವನ ಹೆಂಡತಿ ಕಾಸಿಂಬಿಗೆ ಕೊಡುತ್ತೇನೆಂದ ಪರಿಹಾರವನ್ನು ಶಿರೀಷ ಕೊಟ್ಟಿರಲಿಲ್ಲ. ಸತ್ತವನ ಹೆಸರಿನ ಮುಂದೆ ತನ್ನದೇ ಎಡ ಹೆಬ್ಬೆಟ್ಟು ಒತ್ತಿದ್ದ. ಎಷ್ಟು ಉಜ್ಜಿದರೂ ಆ ಮಸಿ ಹೋಗಿರಲಿಲ್ಲ. ಊಟಕ್ಕೆ ಕುಳಿತಾಗ ಎಡಗೈಯನ್ನು ತೊಡೆಯ ಕೆಳಗಿಟ್ಟುಕೊಳ್ಳುವುದು ರೂಢಿಯಾಗಿಬಿಟ್ಟಿತ್ತು.

ಇಂಜಿನಿಯರರ ಜೀಪು ಬರುವ ಮುಂಚೆ ಗೋಡೆಯಲ್ಲಿ ನೀರು ಒಸರುತ್ತಿದೆಯೇ ನೋಡಬೇಕಿತ್ತು. ಕರಣಿ ಹಿಡಿದೇ ಬಾವಿಗಿಳಿದ. ಮೇಲೆ ಮಟಮಟ ಮಧ್ಯಾಹ್ನ. ಹತ್ತು ಮೆಟ್ಟಿಲಿಗೆ ಬೆಳಕು ಸತ್ತಿತು. ಪಾಚಿ, ತುಕ್ಕು, ಅವುಗಳ ನಡುವೆ ಹಸಿ ಸಿಮೆಂಟಿನ ವಾಸನೆ. ವರ್ಷದ ಹಳೆಯ ಗೋಡೆಗೆ ಹಸಿ ವಾಸನೆಯೇ?

ಟಕ್. ಕಲ್ಲಿಗೆ ಕರಣಿ ಬಡಿದ ಸದ್ದು. ಟಕ್, ಟಕ್. ಅವನ ಕೈಯ ಕರಣಿ ಅಲುಗಿರಲಿಲ್ಲ.

“ಅಬ್ದುಲಸಾಬ?”

ಸದ್ದು ನಿಂತಿತು. ಆ ಮೌನದ ಗುರುತು ಅವನಿಗಿತ್ತು. ಸುಭಾನಸಾಬ ಬಿದ್ದ ಮೇಲೆ, ಯಾರೂ ಕೂಗುವ ಮುನ್ನ, ಇದೇ ಮೌನವಿತ್ತು. ಆಗ ಅವನು ಮೊದಲು ನೋಡಿದ್ದು ಗೋಡೆಯನ್ನು, ಮನುಷ್ಯನನ್ನಲ್ಲ.

ಕಾಲು ಜಾರಿತು. ಎಡಗೈ ಊರಿದ. ಗೋಡೆ ಮೆತ್ತಗಿತ್ತು. ಹೆಬ್ಬೆಟ್ಟು ಒಳಗಿಳಿಯಿತು. ಎಳೆದ. ಬರಲಿಲ್ಲ. ಒಳಗಿನಿಂದ ಯಾರೋ ಹಿಡಿದರು. ಒರಟು ಅಂಗೈ. ಸುಣ್ಣದ ಉರಿ. ಕರಣಿ ಬಿತ್ತು. ಕೂಗಿದ. ಎಳೆದ. ಕೊನೆಗೆ ಬೆರಳು ಹೊರಬಂತು.

ಸ್ವಲ್ಪ ಹೊತ್ತಿಗೆ ಬಂದ ಇಂಜಿನಿಯರರು ಕೂದಲೆಳೆಯಷ್ಟೂ ಬಿರುಕು ಕಾಣದೆ ಸಹಿ ಹಾಕಿದರು. “ಭಾರಿ ಗೌಂಡಿ ಇದ್ದಾನ್ರಿ ನಿಮ್ಮಾಂವ,” ಎಂದರು.

ಮರುದಿನ ಠೇವಣಿ ಬಿಡಿಸಿಕೊಳ್ಳಲು ಹೋದಾಗ, ಹುನಗುಂದದ ಬ್ಯಾಂಕಿನಲ್ಲಿ ಗುಮಾಸ್ತೆ ಗೌತಮಿ ಬೆರಳಚ್ಚಿನ ಯಂತ್ರ ಮುಂದಿಟ್ಟಳು. ಒಮ್ಮೆ ಒತ್ತಿದ. ಒರೆಸಿ ಮತ್ತೊಮ್ಮೆ.

“ಹತ್ತವಲ್ದುರಿ. ದಾಖಲಾಗಿದ್ದು ಈ ಬೆರಳೊಂದ ಅದ.” ಅವಳು ಬಗ್ಗಿ ನೋಡಿದಳು. “ಸಿಮೆಂಟಿನಾಗ ದುಡಿಯೋರ ಬೆರಳು ಹಿಂಗ ಸವದಿರ್ತಾವ. ನೀವು ಗೌಂಡಿ ಏನ್ರಿ?”

ಮಸಿ ಹೋಗಿತ್ತು. ಹೆಬ್ಬೆಟ್ಟು ಬೂದುಬಣ್ಣಕ್ಕೆ ತಿರುಗಿ, ಉಗುರು ಸೀಳಿ, ಅಡ್ಡಲಾಗಿ ಹಳೆಯ ಗಾಯದ ಕಲೆಯೊಂದು ಮೂಡಿತ್ತು. ಅಂಥ ಗಾಯ ಅವನಿಗೆಂದೂ ಆಗಿರಲಿಲ್ಲ.

ಸಂಜೆಯ ಮುಂಚೆಯೇ ಕಾಸಿಂಬಿಯ ಮನೆಯ ಮುಂದೆ ನಿಂತ. ಅವಳು ಈಳಿಗೆಯ ಮುಂದೆ ಕೂತು ಬದನೆಕಾಯಿ ಹೆಚ್ಚುತ್ತಿದ್ದಳು.

“ತಪ್ಪಾತವ್ವಾ. ಠೇವಣಿ ಪೂರಾ ನಿನಗ ಕೊಡ್ತೇನಿ. ಇದನ್ನ ತಗದುಬಿಡು.”

ಅವಳು ಆ ಕೈ ಹಿಡಿದಳು. ಗಾಯದ ಮೇಲೆ ಮೆಲ್ಲಗೆ ಬೆರಳಾಡಿಸಿದಳು.

“ಲಗ್ನ ಆದ ವರ್ಷ ಕರಣಿ ತಾಗಿತ್ರಿ ಇವರಿಗೆ. ನಾನ ಅರಿಶಿಣಾ ಹಚ್ಚಿದ್ದೆ.” ಅವಳ ಕಣ್ಣೀರು ಅವನ ಅಂಗೈಗೆ ಬಿತ್ತು. “ನಿಮ್ಮ ಜೀವಾ ಬೇಡಿರಲಿಲ್ರಿ ನಾ. ಕದ್ದವರ ಕೈಯಾಗ ನಮ್ಮವ್ರ ಹೆಬ್ಬೆಟ್ಟು ಬರ್ಲಿ ಅಂತಷ್ಟ ಬೇಡಿದ್ದೆ. ರೊಕ್ಕಾ ಆಮ್ಯಾಲ. ಮೊದಲ ಇದನ್ನ ಕೊಟ್ಟುಬಿಡ್ರಿ. ಗೋರಿಯಾಗ ಅವರ ಕಡೆ ಇಡಬೇಕು.”

ಈಳಿಗೆಯ ಅಲಗಿಗೆ ಅಂಟಿದ ಬದನೆಯ ತುಂಡುಗಳನ್ನು ಸೆರಗಿನಿಂದ ಒರೆಸಿ, ಅವಳು ಸ್ವಲ್ಪ ಬದಿಗೆ ಸರಿದು ಜಾಗ ಮಾಡಿಕೊಟ್ಟಳು.

ಶಿರೀಷ ಕೂತ. ಕೈಯನ್ನು ಹಿಂದಕ್ಕೆಳೆದುಕೊಳ್ಳಲಿಲ್ಲ.