ಬ್ರೇಕ್ ಒತ್ತಿದ ಕಾಲು

ನಮ್ಮ ಯಜಮಾನರು ತೀರಿಕೊಂಡ ಮೇಲೆ ಅವರ ಕಾರಿಗೆ ಮಗಳೇ ದಿಕ್ಕು. ಒಮ್ಮೆ ಅವಳು ಮರುದಿನವೇ ತನ್ನ ಕೂಸನ್ನು ಕೂರಿಸಿಕೊಂಡು ಬೆಟ್ಟದ ದಾರಿ ಇಳಿಯಬೇಕಿತ್ತು. ಸವೆದ ಬ್ರೇಕ್ ಪ್ಯಾಡು, ಡಿಸ್ಕುಗಳನ್ನು ಅಂಗಳದಲ್ಲೇ ಬದಲಾಯಿಸಿ, ಚಕ್ರದ ಬಳಿ ಕುಕ್ಕರಗಾಲಲ್ಲಿ ಕೂತಳು.

"ಅಮ್ಮಾ, ಒಳಗೆ ಕೂತ್ಕೊಂಡು ಪೆಡಲ್ ಒತ್ತಿ ಒತ್ತಿ ಬಿಡು."

ಅಭ್ಯಾಸಬಲ, ಡ್ರೈವರ್ ಪಕ್ಕದ ಸೀಟಿನಲ್ಲಿ ಕೂತುಬಿಟ್ಟೆ. ಕಾಲಾಡಿಸಿ ಹುಡುಕಿದರೆ ಪೆಡಲೇ ಇಲ್ಲ!

"ಹಾಂ, ಹಾಗೇ!" ಮಗಳು ಚಕ್ರದ ಬಳಿಯಿಂದ ಕೂಗಿದಳು. "ಪ್ಯಾಡು ಕಚ್ಕೊಳ್ತಿದೆ. ಪರವಾಗಿಲ್ವೇ ಮುದುಕಿ, ಕಾಲಲ್ಲಿ ಇನ್ನೂ ಕಸುವಿದೆ!"

ತಿರುಗಿ ನೋಡಿದೆ. ಖಾಲಿ ಸೀಟಿನ ಮುಂದೆ ಪೆಡಲ್ ತಗ್ಗುತ್ತಿತ್ತು, ಏಳುತ್ತಿತ್ತು. ಹೆದರಿಕೆಗಿಂತ ಕುತೂಹಲವೇ ಹೆಚ್ಚಾಗಿ, ಬಗ್ಗಿ ಅದರ ಮೇಲೆ ಕೈಯಿಟ್ಟೆ. ರಬ್ಬರು ಬೆಚ್ಚಗಿತ್ತು.

"ಸಾಕಮ್ಮ, ಸರಿಹೋಯ್ತು. ಬಿಡು," ಎಂದಳು ಮಗಳು.

ನನ್ನ ಅಂಗೈಯನ್ನು ಎತ್ತಿಕೊಂಡು ಪೆಡಲ್ ಮೆಲ್ಲಗೆ ಮೇಲೆ ಬಂದು ನಿಂತಿತು.