ಇಬ್ಬರ ಕೈಲಿ ಒಬ್ಬ ನಿಂಜಾ

"ಹಾರಿಸಿ ಅಂದೆ! ಕಿವಿ ಕೇಳಿಸಲ್ವಾ?" ಎಂದು ರೇಗಿದಳು ಅವಳು.

ಪರದೆಯ ಮೇಲೆ ಕಪ್ಪು ಬಟ್ಟೆಯ ನಿಂಜಾ ಮತ್ತೆ ಕಂದಕಕ್ಕೆ ಬಿದ್ದು ಸತ್ತ.

"ಅಂಚು ದಾಟಿದ ಮೇಲೆ ಹಾರಿಸಿ ಅಂದ್ರೆ ಹೇಗ್ರೀ ಹಾರಿಸೋದು? ನೀವು ಓಡಿಸೋ ಸ್ಪೀಡಿಗೆ ನನ್ನ ಲೈಸೆನ್ಸೇ ಹೋಗುತ್ತೆ," ಎಂದ ಪಕ್ಕದಲ್ಲಿ ಕೂತಿದ್ದ ಬಸ್ ಡ್ರೈವರ್. ಪಾರ್ಶ್ವವಾಯು ಅವನ ಎಡಗಡೆಯನ್ನು ನುಂಗಿ ಹಾಕಿತ್ತು. ಮಾತು ಮಾತ್ರ ಹರಿತವಾಗಿಯೇ ಉಳಿದಿತ್ತು.

ಅವಳಿಗೆ ನಗು ಬಂತು. ಲಾಂಡ್ರಿಯ ಇಸ್ತ್ರಿ ರೋಲರ್ ಚಾದರದ ಜೊತೆಗೆ ಅವಳ ಬಲಗೈಯನ್ನೂ ಒಳಗೆಳೆದುಕೊಂಡ ಮೇಲೆ ಬಂದ ಮೊದಲ ನಗು ಅದು. ಮದುವೆಯಾಗಬೇಕಿದ್ದವನು ಆಸ್ಪತ್ರೆಗೆ ಒಮ್ಮೆ ಬಂದು, ಬ್ಯಾಂಡೇಜ್ ನೋಡಿಹೋದವನು, ಆಮೇಲೆ ಫೋನ್ ಎತ್ತಿರಲಿಲ್ಲ.

ಫಿಸಿಯೋಥೆರಪಿ ಕೋಣೆಯಲ್ಲಿದ್ದದ್ದು ಒಂದು ಹಳೇ ಗೇಮ್, ಒಂದೇ ಕಂಟ್ರೋಲರ್. ವ್ಯಾಯಾಮ ಮುಗಿಸಿ ಮಂಕಾಗಿ ಕೂತಿರುತ್ತಿದ್ದ ಇಬ್ಬರನ್ನೂ ಥೆರಪಿಸ್ಟ್ ಒಂದೇ ಬೆಂಚಿಗೆ ತಂದು ಕೂರಿಸಿದ್ದಳು. ಅವಳ ಎಡ ಹೆಬ್ಬೆರಳು ನಿಂಜಾನನ್ನು ಓಡಿಸಬೇಕು. ಅವನ ಬಲ ಹೆಬ್ಬೆರಳು ಹಾರಿಸಬೇಕು, ಕತ್ತಿ ಬೀಸಬೇಕು.

ನಿಧಾನವಾಗಿ ಕಲಿತರು. ಗೋಡೆಯಿಂದ ಗೋಡೆಗೆ ಜಿಗಿಯುವುದು, ಕಾವಲುಗಾರ ಬೆನ್ನು ತಿರುಗಿಸುವವರೆಗೆ ನೆರಳಲ್ಲಿ ಉಸಿರು ಬಿಗಿಹಿಡಿದು ಕಾಯುವುದು. ಹಾರಿಸುವ ಮುನ್ನ ಅವನು ಮೂಗಿನಿಂದ ಸಣ್ಣಗೆ ಉಸಿರೆಳೆಯುತ್ತಿದ್ದ. ಅವಳು ಪರದೆ ಬಿಟ್ಟು ಆ ಉಸಿರಿಗೇ ಕಿವಿಗೊಡತೊಡಗಿದಳು.

"ಡ್ರೈವರ್ ಸಾಹೇಬ್ರೆ, ನನ್ನ ಮುಖ ಯಾಕೆ ನೋಡ್ತೀರಾ? ಶತ್ರು ಅಲ್ಲಿದ್ದಾನೆ."

"ಅವನನ್ನು ದಿನಾ ನೋಡ್ತೀನಲ್ಲ."

"ನನ್ನನ್ನೂ ದಿನಾ ನೋಡ್ತೀರಿ."

"ಸಾಲಲ್ಲ," ಎಂದವನು ತಾನೇ ಗಲಿಬಿಲಿಗೊಂಡು ಕತ್ತಿಯನ್ನು ಗಾಳಿಗೆ ಬೀಸಿದ.

ಒಂದು ದಿನ ಅವಳು ಸ್ವಲ್ಪ ಬೇಗ ಬಂದಳು. ಬಾಗಿಲ ಗಾಜಿನಾಚೆ ಅವನೊಬ್ಬನೇ ಆಡುತ್ತಿದ್ದ, ಎರಡೂ ಕೈಯಲ್ಲಿ. ಎಡ ಹೆಬ್ಬೆರಳು ತಡವರಿಸುತ್ತಿದ್ದರೂ ನಿಂಜಾ ಕೋಟೆಯ ಬಾಗಿಲು ದಾಟಿಯೇ ಬಿಟ್ಟ. ಅವಳು ಒಳಗೆ ಕಾಲಿಟ್ಟಳು. ಅವಳನ್ನು ಕಂಡದ್ದೇ ತಡ, ಎಡಗೈ ಸತ್ತಂತೆ ಅವನ ಮಡಿಲಿಗೆ ಬಿತ್ತು.

"ನೀವೇ ಆಡಿ," ಎಂದಳು. "ನನ್ನ ಮೇಲೆ ಕನಿಕರ ಬೇಡ."

"ಕನಿಕರ ಅಲ್ಲ. ವಾಸಿಯಾಯ್ತು ಅಂದ್ರೆ ನಾಳೆಯಿಂದ ಬರಬೇಡಿ ಅಂತಾರೆ. ಆಮೇಲೆ ನಿಮ್ಮನ್ನು ನೋಡೋಕೆ ಯಾವ ನೆಪ ಇದೆ ನನಗೆ?"

ಬೇರೆ ಯಾವತ್ತಾದರೂ ಆ ಮಾತಿಗೆ ಅವಳು ಕರಗಿಹೋಗುತ್ತಿದ್ದಳೇನೋ.

"ನಾನೂ ಬರಲ್ಲ. ಸೋಂಕು ಮೂಳೆಗೆ ಇಳಿದಿದೆಯಂತೆ. ಸೋಮವಾರ ಕೈ ತೆಗೀತಾರೆ, ಮಣಿಕಟ್ಟಿನವರೆಗೆ."

ಧೈರ್ಯವಾಗಿರು ಎಂದಿದ್ದರು ಎಲ್ಲರೂ. ಅವನು ಹಾಗೆನ್ನಲಿಲ್ಲ.

"ಹೆದರಿಕೆ ಆಗ್ತಿದೆಯಾ?"

"ತುಂಬಾ," ಎನ್ನುವಷ್ಟರಲ್ಲಿ ಅವಳ ದುಃಖದ ಕಟ್ಟೆಯೊಡೆಯಿತು. ಬಿಕ್ಕಿ ಬಿಕ್ಕಿ ಅತ್ತಳು.

"ಸೋಮವಾರ ನಾನು ಬರ್ಲಾ?"

"ಬೇಡ. ಅದನ್ನು ನೋಡೋಕೆ ಯಾರೂ ಬರೋದು ಬೇಡ."

ಸೋಮವಾರ ಮಂಪರು ಇಳಿದಾಗ ಅತ್ತಿಗೆ ಕಿವಿಯ ಹತ್ತಿರ ಬಗ್ಗಿದಳು. "ಹೊರಗೆ ಒಬ್ರು ಬೆಳಗ್ಗೆಯಿಂದ ಕೂತಿದ್ದಾರೆ. ಕಾಲೆಳೆದುಕೊಂಡು ಬಂದ್ರು. ಹೋಗಿ ಅಂದ್ರೂ ಹೋಗ್ತಿಲ್ಲ. ಯಾರೇ ಅದು?"

ಅವಳು ಬಾಗಿಲ ಕಡೆ ಮುಖ ತಿರುಗಿಸಿದಳು. ಅತ್ತಿಗೆ ಅರ್ಥವಾದವಳಂತೆ ಅವನನ್ನು ಒಳಗೆ ಕಳಿಸಿ, ತಾನು ಹೊರಗೆ ನಿಂತಳು.

ಅವನು ಮೊದಲು ಬ್ಯಾಂಡೇಜಿನ ಮೊಂಡುಗೈ ನೋಡಿದ. ಕಣ್ಣು ತಪ್ಪಿಸಲಿಲ್ಲ. ಆಮೇಲೆ ಅವಳ ಮುಖ ನೋಡಿದ.

"ನೋಡಿ ಆಯ್ತಾ?"

"ಆಯ್ತು."

"ಹಾಗಾದ್ರೆ ಹೊರಡಿ."

ಅವನು ಸ್ಟೂಲ್ ಎಳೆದುಕೊಂಡು ಕೂತ. "ನನಗಿನ್ನು ಬಸ್ ಕೊಡಲ್ಲ ಅಂತ ಡಿಪೋದಲ್ಲಿ ಹೇಳಿಬಿಟ್ರು. ಕೊಡೋಕೆ ನನ್ನ ಹತ್ರ ಏನೂ ಇಲ್ಲ. ಆದ್ರೂ ಕೇಳ್ತಿದ್ದೀನಿ, ನನ್ನ ಜೊತೆ ಇರ್ತೀರಾ?"

ಅವಳು ಕಣ್ಣು ಮುಚ್ಚಿದಳು. "ಬೆರಳು ನೋಯ್ತಿದೆ. ಇಲ್ಲದೇ ಇರೋ ಬೆರಳು."

"ಯಾವುದು?"

"ಉಂಗುರದ್ದು."

ಅವನು ಸ್ಟೂಲನ್ನು ಇನ್ನಷ್ಟು ಹತ್ತಿರ ಎಳೆದುಕೊಂಡ. ಬ್ಯಾಂಡೇಜಿನ ಆಚೆ, ಏನೂ ಇಲ್ಲದ ಹಾಸಿಗೆಯ ಮೇಲೆ, ಮೆಲ್ಲಗೆ ಕೈಯಿಟ್ಟ.

"ಇಲ್ಲೇನಾ?"

"ಇನ್ನೂ ಸ್ವಲ್ಪ ಈಚೆ... ಹಾಂ, ಅಲ್ಲೇ. ಕೈ ತೆಗೀಬೇಡ ಕಣೋ."