ವೇಲಾಬಾ ದ್ವೀಪದ ತುಯಿ ಪಟ್ಟ

ಬಹಳ ಹಿಂದೆ, ಫಿಜಿಯ ಕಡಲಿನಲ್ಲಿ ವೇಲಾಬಾ ಎಂಬ ದ್ವೀಪರಾಜ್ಯವಿತ್ತು. ಎಷ್ಟು ಹಿಂದೆ ಎಂದರೆ, ಆಗಿನ್ನೂ ಚಂದ್ರನಿಗೆ ಕಲೆ ಬಿದ್ದಿರಲಿಲ್ಲ, ನನಗೆ ಮೀಸೆ ಬಂದಿರಲಿಲ್ಲ. ಅಲ್ಲಿನ ದೊರೆಗೆ ತುಯಿ ಎಂಬ ಪಟ್ಟದ ಹೆಸರು.

ತುಯಿ ತೀರಿಕೊಂಡರೆ ಕಡಲಿಗೆ ಬೀಗ. ಹೊಸ ತುಯಿ ಪಟ್ಟದ ಬಟ್ಟಲಿನಲ್ಲಿ ಯಂಗೋನಾ ಬೇರಿನ ರಸ ಕುಡಿಯುವವರೆಗೆ ಯಾರೂ ಬಲೆ ಬೀಸುವಂತಿಲ್ಲ. ಆ ಸಲ ಮುದಿ ತುಯಿ ಸತ್ತ ದಿನವೇ ಬಟ್ಟಲು ಉರುಳಿಕೊಂಡು ಹೋಗಿ ಕಡಲಿಗೆ ಹಾರಿತು. ಮೂರು ತಿಂಗಳಾಯಿತು. ಮಕ್ಕಳು ತೆಂಗಿನ ಸಿಪ್ಪೆ ಜಗಿಯತೊಡಗಿದರು.

"ಬಟ್ಟಲು ತಂದುಕೊಡಿ, ನಾನೇ ತುಯಿ ಆಗುತ್ತೇನೆ," ಎಂದ ಮಾಂತ್ರಿಕ ದೌವಾಲಿ. ಅವನಿಗೆ ಸಿಟ್ಟು ಬಂದರೆ ಎದುರಿದ್ದವರು ಆಮೆಯಾಗುತ್ತಿದ್ದರು. ಆಗಲೇ ಅರ್ಧ ಊರು ಮರಳಲ್ಲಿ ತೆವಳುತ್ತಿತ್ತು.

ದೋಣಿ ಕೆತ್ತುವ ನೈವಾಲು ಕಡಲಿಗೆ ಧುಮುಕಿದ. ಮೊದಲು ಶಾರ್ಕ್ ಎದುರಾಯಿತು. ಅದರ ತಲೆಗೆ ಮಧ್ಯಾಹ್ನವಾದಾಗ ಬಾಲಕ್ಕೆ ಇನ್ನೂ ಬೆಳಗಿನ ಹೊತ್ತು.

"ಬಟ್ಟಲು ಯಾರಿಗೋ?"

"ಅದು ಗೊತ್ತಿಲ್ಲಪ್ಪ. ಊರು ಹಸಿದಿದೆ."

ಶಾರ್ಕ್ ದಾರಿ ಬಿಟ್ಟಿತು. ಆಮೇಲೆ ಏಡಿ, ತೆಂಗಿನಮರವನ್ನು ಉಗುರಿನಂತೆ ಕತ್ತರಿಸುವಂಥದು.

"ಬಟ್ಟಲು ಯಾರಿಗೋ?"

"ಗೊತ್ತಿಲ್ಲಪ್ಪ. ಊರು ಹಸಿದಿದೆ."

ಏಡಿಯೂ ಸರಿಯಿತು, ಅಡ್ಡಡ್ಡ. ಕೊನೆಗೆ ಆಕ್ಟೋಪಸ್. ಎಂಟೂ ಕೈಯಲ್ಲಿ ಬಟ್ಟಲನ್ನು ಅಪ್ಪಿ ಕೂತಿತ್ತು.

"ಬಟ್ಟಲು ಯಾರಿಗೋ? ನಿನಗೇನೋ?"

"ನನಗ್ಯಾಕೆ? ನನ್ನ ದೋಣಿಯೇ ಅರ್ಧಕ್ಕೆ ನಿಂತಿದೆ. ಊರು ಹಸಿದಿದೆ."

ಆಕ್ಟೋಪಸ್ ಒಂದೊಂದೇ ಕೈ ಸಡಿಲಿಸಿತು. ನೈವಾಲು ಬಟ್ಟಲನ್ನು ದಡಕ್ಕೆ ತಂದ.

ಪಟ್ಟದ ಬಟ್ಟಲನ್ನು ತುಂಬಿ ಕೊಡುವ ಹಕ್ಕು ಊರಿನ ಮೂಲ ಮನೆತನದ ಸೇನಿ ಅಜ್ಜಿಯದು. ಅವಳು ತುಂಬಿದ್ದೇ ತಡ, ದೌವಾಲಿ ಕಸಿದುಕೊಂಡ.

"ಕೊಡೋವರೆಗೆ ಕಾಯೋ, ಮಾರಾಯ."

"ತುಯಿಗೇ ಕಾಯಲು ಹೇಳ್ತೀಯಾ, ಮುದುಕಿ?" ಎಂದು ಬಾಯಿಗಿಟ್ಟ.

ಜನ ಮೂರು ಚಪ್ಪಾಳೆ ತಟ್ಟಿದರೆ ಕುಡಿದದ್ದು ಮುಗಿದಂತೆ ಎಂಬುದು ಅಲ್ಲಿನ ರೂಢಿ. ಯಾರೂ ತಟ್ಟಲಿಲ್ಲ. ಆದ್ದರಿಂದ ರಸ ಮುಗಿಯಲಿಲ್ಲ, ಬಟ್ಟಲು ತುಟಿ ಬಿಡಲಿಲ್ಲ. ದೌವಾಲಿಯ ಹೊಟ್ಟೆ ಕುಂಬಳವಾಯಿತು, ಗುಡಿಸಲಾಯಿತು, ಗುಡ್ಡವಾಯಿತು. 'ತಟ್ಟಿ, ತಟ್ಟಿ' ಎಂದು ಸನ್ನೆ ಮಾಡಿದ.

"ಆಮೆಗಳನ್ನ ಮನುಷ್ಯರನ್ನಾಗಿ ಮಾಡ್ತೀಯಾ?" ಎಂದಳು ಅಜ್ಜಿ.

ತಲೆಯಾಡಿಸಿದ. ಒಂದು ಚಪ್ಪಾಳೆ. ಅರ್ಧ ಊರು ಮೈಯ ಮರಳು ಕೊಡವಿ ಎದ್ದಿತು.

"ಮಂತ್ರ ಮರೀತೀಯಾ?"

ತಲೆಯಾಡಿಸಿದ. ಎರಡು. ಮಂತ್ರಗಳೆಲ್ಲ ಕಿವಿಯಿಂದ ನೊಣಗಳಾಗಿ ಹಾರಿಹೋದವು.

"ಪಟ್ಟದ ಆಸೆ ಬಿಡ್ತೀಯಾ?"

ಇದಕ್ಕೆ ಮಾತ್ರ ಅವನು ಯೋಚಿಸಿದ. ಗುಡ್ಡ ಬೆಟ್ಟವಾಯಿತು. ತಲೆಯಾಡಿಸಿದ. ಮೂರು! ಬಟ್ಟಲು ಕೆಳಗೆ ಬಿತ್ತು.

ಅಜ್ಜಿ ಅದನ್ನು ತೊಳೆದು, ತುಂಬಿ, ನೈವಾಲುವಿನ ಮುಂದೆ ಹಿಡಿದಳು.

"ಬೇಡ ಅಜ್ಜಿ, ದೋಣಿ..."

"ದೋಣಿ ಆಮೇಲೆ ಕೆತ್ತು. ಮಕ್ಕಳು ಕಾಯ್ತಿವೆ, ಕುಡಿ."

ಎರಡೂ ಕೈಯಲ್ಲಿ ತೆಗೆದುಕೊಂಡು ಕುಡಿದ. ಊರೆಲ್ಲ ಮೂರು ಸಲ ತಟ್ಟಿತು. ಕಡಲು ತೆರೆಯಿತು. ಮೀನುಗಳು ಸೀದಾ ಮಡಕೆಗೇ ಹಾರತೊಡಗಿ, ಹೆಂಗಸರು ಮುಚ್ಚಳದ ಮೇಲೆ ಕಲ್ಲು ಹೇರಬೇಕಾಯಿತು.

ಅಂದಿನಿಂದ ವೇಲಾಬಾದಲ್ಲಿ ತುಯಿ ಪಟ್ಟವನ್ನು ಊರು ಕೊಡುತ್ತದೆ, ಯಾರೂ ತೆಗೆದುಕೊಳ್ಳುವುದಿಲ್ಲ. ಎಲ್ಲರೂ ಸುಖವಾಗಿದ್ದರು. ದೌವಾಲಿಯೂ ಸುಖವಾಗಿಯೇ ಇದ್ದ. ಬಾಯಾರಿಕೆ ಮಾತ್ರ ಅವನಿಗೆ ಜನ್ಮದಲ್ಲಿ ಮತ್ತೆ ಆಗಲಿಲ್ಲ.